ಟ್ರಿಕ್ವೆಟ್ರ

ಟ್ರಿಕ್ವೆಟ್ರ: ಮೂರು ಮೂಲೆಗಳುಳ್ಳದ್ದು ಎಂಬ ಅರ್ಥದ ಲ್ಯಾಟಿನ್ ಪದ. ಸಿಸಿಲಿ ದ್ವೀಪದ ಒಂದು ಪ್ರಾಚೀನ ಹೆಸರು, ಚಂದ್ರನ ಎತ್ತರ ಅಳೆಯುತ್ತಿದ್ದ ಮರದ ಉಪಕರಣ, ಮಣಿಕಟ್ಟಿನ ಒಂದು ಪುಟ್ಟ ಮೂಳೆ, ಉತ್ತರ ಯೂರೋಪಿನ ಹೆಣಿಗೆ ಚಿತ್ತಾರ, ಒಂದು ಜಾತಿಯ ಕಾಡು ಬೆಳ್ಳುಳ್ಳಿ, ಕೆರಿಬಿಯನ್ ಕಡಲಿನ ಒಂದು ಮೀನು ಇವೆಲ್ಲ ಈ ಒಂದೇ ಪದದಿಂದ ಹೆಸರು ಪಡೆದಿವೆ. ಒಂದಕ್ಕೊಂದು ಸಂಬಂಧವಿಲ್ಲದ ಈ ವಸ್ತುಗಳನ್ನು ಒಂದೆಡೆ ಇಟ್ಟು ನೋಡಿದಾಗ ಒಂದು ವಿಷಯ ಗಮನಕ್ಕೆ ಬರುತ್ತದೆ. ಇವುಗಳಲ್ಲಿ ಯಾವುದೂ ರೇಖಾಗಣಿತದ ಪುಸ್ತಕದಿಂದ ಹೊರಟದ್ದಲ್ಲ. ಹಡಗಿನಲ್ಲಿ ಸುತ್ತಿದವರು, ಕೈಯಲ್ಲಿ ಹಿಡಿದವರು, ಕೊಯ್ದು ನೋಡಿದವರು ಕಂಡುಕೊಂಡ ಮೂರು ಮೂಲೆಗಳು ಇವು.

ಪದ

ಪದದ ಮೊದಲ ಭಾಗವಾದ ‘ಟ್ರಿ’ ಸಂಸ್ಕೃತದ ‘ತ್ರಿ’ಗೆ ಒಡಹುಟ್ಟು. ಎರಡೂ ಒಂದೇ ಇಂಡೋ-ಯೂರೋಪಿಯನ್ ಮೂಲದವು. ಮಿಕ್ಕ ಭಾಗಕ್ಕೆ ಮೂಲೆ, ಮೊನೆ ಎಂಬ ಅರ್ಥ. ಗಣಿತದ ಕಟ್ಟುನಿಟ್ಟಾದ ಆಕೃತಿಗೆ ಲ್ಯಾಟಿನ್ನಿನಲ್ಲಿ ‘ಟ್ರಯಾಂಗ್ಯುಲಮ್’ ಎಂಬ ಬೇರೆಯೇ ಪದವಿತ್ತು. ಇಂಗ್ಲಿಷಿನ ಟ್ರಯಾಂಗಲ್ ಬಂದದ್ದು ಅದರಿಂದ, ಆಕಾಶದ ಟ್ರಯಾಂಗ್ಯುಲಮ್ ನಕ್ಷತ್ರಪುಂಜದ ಹೆಸರೂ ಅದೇ. ಟ್ರಿಕ್ವೆಟ್ರ ಅದಕ್ಕಿಂತ ಸಡಿಲವಾದ ಮಾತು. ಕನ್ನಡದಲ್ಲೂ ಇಂಥ ಜೋಡಿ ಇದೆ. ಶಾಲೆಯ ಪಾಠದಲ್ಲಿ ಬರುವುದು ತ್ರಿಭುಜ. ಒಂದು ಬದಿ ಹಳ್ಳಕ್ಕೆ ತಾಗಿ ಓರೆಯಾದ ಹೊಲವನ್ನು ರೈತ ಮುಮ್ಮೂಲೆ ಹೊಲ ಎನ್ನುತ್ತಾನೆ, ತ್ರಿಭುಜ ಎನ್ನುವುದಿಲ್ಲ. ಆ ಹೊಲದ ಬದುಗಳು ನೇರವಾಗಿರಬೇಕೆಂದು ಯಾರೂ ಕೇಳುವುದಿಲ್ಲ. ಟ್ರಿಕ್ವೆಟ್ರಕ್ಕೆ ಅತಿ ಹತ್ತಿರದ ಕನ್ನಡ ಈ ‘ಮುಮ್ಮೂಲೆ’ಯೇ.

ಪದ ಮೂರು ರೂಪಗಳಲ್ಲಿ ಸಿಗುವುದಕ್ಕೆ ವ್ಯಾಕರಣ ಕಾರಣ. ಕನ್ನಡದ ಗುಣವಾಚಕ ಲಿಂಗಕ್ಕೆ ತಕ್ಕಂತೆ ಬದಲಾಗುವುದಿಲ್ಲ. ಚಿಕ್ಕ ಹುಡುಗ, ಚಿಕ್ಕ ಹುಡುಗಿ, ಚಿಕ್ಕ ಮೂಳೆ ಎಲ್ಲದರಲ್ಲೂ ‘ಚಿಕ್ಕ’ ಹಾಗೆಯೇ ಉಳಿಯುತ್ತದೆ. ಲ್ಯಾಟಿನ್ನಿನಲ್ಲಿ ಹಾಗಲ್ಲ. ಪುಲ್ಲಿಂಗಕ್ಕೆ ಟ್ರಿಕ್ವೆಟ್ರಸ್, ಸ್ತ್ರೀಲಿಂಗಕ್ಕೆ ಟ್ರಿಕ್ವೆಟ್ರ, ನಪುಂಸಕಕ್ಕೆ ಟ್ರಿಕ್ವೆಟ್ರಮ್. ದ್ವೀಪ ಎಂಬರ್ಥದ ‘ಇನ್ಸುಲ’ ಸ್ತ್ರೀಲಿಂಗವಾದ್ದರಿಂದ ಸಿಸಿಲಿ ಟ್ರಿಕ್ವೆಟ್ರ ಆಯಿತು. ಮೂಳೆ ಎಂಬರ್ಥದ ‘ಓಸ್’ ನಪುಂಸಕವಾದ್ದರಿಂದ ಮಣಿಕಟ್ಟಿನ ಮೂಳೆ ಟ್ರಿಕ್ವೆಟ್ರಮ್ ಆಯಿತು. ಬೆಳ್ಳುಳ್ಳಿ ಮತ್ತು ಉಪಕರಣದ ಹೆಸರುಗಳೂ ‘ಮ್’ನಲ್ಲಿ ಮುಗಿಯುವುದು ಇದೇ ಕಾರಣಕ್ಕೆ. ಹೆಸರಿನ ತುದಿಯೊಂದನ್ನು ನೋಡಿಯೇ ಅದು ಒಮ್ಮೆ ಯಾವ ನಾಮಪದಕ್ಕೆ ಅಂಟಿಕೊಂಡಿತ್ತು ಎಂದು ಊಹಿಸಬಹುದು.

ದ್ವೀಪಗಳು

ರೋಮನ್ ಲೇಖಕರು ಎರಡು ದ್ವೀಪಗಳ ವಿಷಯದಲ್ಲಿ ಈ ಮಾತನ್ನು ಬಳಸಿದ್ದಾರೆ. ಮೊದಲನೆಯದು ಸಿಸಿಲಿ. ಗ್ರೀಕರು ಅದನ್ನು ಟ್ರಿನಾಕ್ರಿಯ ಎನ್ನುತ್ತಿದ್ದರು. ದ್ವೀಪದ ಮೂರು ತುದಿಗಳಲ್ಲಿ ಮೂರು ಭೂಶಿರಗಳಿವೆ: ಈಶಾನ್ಯಕ್ಕೆ ಪೆಲೋರೊ, ಆಗ್ನೇಯಕ್ಕೆ ಪಾಸ್ಸೆರೊ, ಪಶ್ಚಿಮಕ್ಕೆ ಲಿಲಿಬೆಯೊ. ಕವಿ ಲುಕ್ರೀಷಿಯಸ್ ದಾರ್ಶನಿಕ ಎಂಪೆಡಾಕ್ಲಿಸ್‌ನನ್ನು ಹೊಗಳುವಾಗ ಅವನನ್ನು ಹೆತ್ತ ಮುಮ್ಮೂಲೆಯ ನೆಲವನ್ನೂ ನೆನೆಯುತ್ತಾನೆ. ಹೊರೇಸ್ ತನ್ನ ವಿಡಂಬನ ಪದ್ಯವೊಂದರಲ್ಲಿ, ಸೈನಿಕರಿಗೆ ಹಂಚುವ ಜಮೀನನ್ನು ಇಟಲಿಯಲ್ಲಿ ಕೊಡುತ್ತಾರೋ ಸಿಸಿಲಿಯಲ್ಲೋ ಎಂದು ಜನ ತನ್ನನ್ನು ಕೇಳುತ್ತಾರೆ ಎನ್ನುವಾಗ ಸಿಸಿಲಿಯ ಹೆಸರೆತ್ತುವುದೇ ಇಲ್ಲ. ಮುಮ್ಮೂಲೆಯ ನೆಲ ಎಂದರೆ ಕೇಳುವವರಿಗೆ ಸಾಕಾಗಿತ್ತು. ಹಿರಿಯ ಪ್ಲಿನಿ ತನ್ನ ‘ನಿಸರ್ಗ ಚರಿತ್ರೆ’ಯಲ್ಲಿ ಟ್ರಿನಾಕ್ರಿಯ, ಟ್ರಿಕ್ವೆಟ್ರ ಎರಡನ್ನೂ ಕೊಟ್ಟು, ಆಕಾರದಿಂದಲೇ ಈ ಹೆಸರು ಬಂತೆಂದು ವಿವರಿಸಿದ್ದಾನೆ. ಸಿಸಿಲಿ ರೋಮ್‌ನ ಮೊದಲ ಪ್ರಾಂತ್ಯ, ರೋಮ್ ನಗರಕ್ಕೆ ಗೋಧಿ ಕಳಿಸುತ್ತಿದ್ದ ಕಣಜ. ಇಂದಿನ ಸಿಸಿಲಿಯ ಬಾವುಟದಲ್ಲಿ ನಡುವೆ ಒಂದು ಮುಖ, ಅದರ ಸುತ್ತ ಓಡುವ ಮೂರು ಕಾಲುಗಳು, ಜೊತೆಗೆ ಮೂರು ಗೋಧಿ ತೆನೆಗಳಿವೆ. ಹಳೆಯ ನಾಣ್ಯಗಳ ಮೇಲಿನ ಇಂಥ ಮೂರು ಕಾಲಿನ ಲಾಂಛನವನ್ನೂ ಹತ್ತೊಂಬತ್ತನೇ ಶತಮಾನದ ನಾಣ್ಯಶಾಸ್ತ್ರಜ್ಞರು ಟ್ರಿಕ್ವೆಟ್ರ ಎಂದು ಬರೆಯುತ್ತಿದ್ದರು. ಈಗ ಅದಕ್ಕೆ ಟ್ರಿಸ್ಕೆಲಿಸ್ ಎಂಬ ಗ್ರೀಕ್ ಹೆಸರೇ ನಿಂತಿದೆ.

ಎರಡನೆಯದು ಬ್ರಿಟನ್. ಜೂಲಿಯಸ್ ಸೀಸರ್ ಕ್ರಿ.ಪೂ. 55 ಮತ್ತು 54ರಲ್ಲಿ ಎರಡು ಸಲ ಅಲ್ಲಿ ದಂಡು ಇಳಿಸಿದ. ಗಾಲ್ (ಇಂದಿನ ಫ್ರಾನ್ಸ್ ಸೀಮೆ) ಯುದ್ಧದ ಟಿಪ್ಪಣಿಗಳ ಐದನೇ ಪುಸ್ತಕದಲ್ಲಿ ಅವನು ಈ ದ್ವೀಪ ಸಹಜವಾಗಿಯೇ ಮುಮ್ಮೂಲೆಯಾಗಿದೆ ಎಂದು ಹೇಳಿ ಬದಿಗಳ ಉದ್ದವನ್ನೂ ಕೊಡುತ್ತಾನೆ: ಗಾಲ್ ಕಡೆಯದು 500 ಮೈಲಿ, ಪಶ್ಚಿಮದ್ದು 700, ಮೂರನೆಯದು 800, ಒಟ್ಟು ಸುತ್ತಳತೆ 2,000 ರೋಮನ್ ಮೈಲಿ. ಅವನ ಕಾಲಿಗೆ ಸೋಕಿದ್ದು ಆಗ್ನೇಯದ ಒಂದು ಮೂಲೆಯಷ್ಟೇ. ಮಿಕ್ಕದ್ದು ಕೇಳಿ ತಿಳಿದದ್ದು. ನಂತರದ ಇತಿಹಾಸಕಾರ ಟ್ಯಾಸಿಟಸ್, ತನಗಿಂತ ಹಿಂದಿನ ಬರಹಗಾರರು ಬ್ರಿಟನ್ನನ್ನು ಉದ್ದನೆಯ ಗುರಾಣಿಗೂ ಎರಡು ಬಾಯಿಯ ಕೊಡಲಿಗೂ ಹೋಲಿಸಿದ್ದರು ಎಂದು ದಾಖಲಿಸಿದ್ದಾನೆ. ಭೂಪಟ ಬಿಡಿಸಿಟ್ಟು ನೋಡಿದರೆ ಸೀಸರನ ಮಾತೇ ನಿಜಕ್ಕೆ ಹತ್ತಿರ. ಕಾಣದ ದಡಗಳ ಬಗ್ಗೆ ಹಡಗಿನವರಿಂದ ಕೇಳಿಸಿಕೊಂಡು ಇಷ್ಟು ಸರಿಯಾದ ಚಿತ್ರ ಕಟ್ಟಿದ್ದು ಸಣ್ಣ ಸಂಗತಿಯಲ್ಲ.

ಉಪಕರಣ

ದೂರದರ್ಶಕ ಬರುವ ಮೊದಲಿನ ಖಗೋಳ ವಿಜ್ಞಾನದಲ್ಲಿ ಟ್ರಿಕ್ವೆಟ್ರಮ್‌ಗೆ ದೊಡ್ಡ ಸ್ಥಾನವಿದೆ. ಎರಡನೇ ಶತಮಾನದಲ್ಲಿ ಅಲೆಕ್ಸಾಂಡ್ರಿಯದ ಟಾಲೆಮಿ ತನ್ನ ‘ಅಲ್ಮಜೆಸ್ಟ್’ ಗ್ರಂಥದ ಐದನೇ ಪುಸ್ತಕದಲ್ಲಿ ಇದನ್ನು ಮಾಡುವ ಬಗೆ ಹೇಳಿದ್ದಾನೆ. ಲ್ಯಾಟಿನ್ ಹೆಸರು ಬಂದದ್ದು ಬಹಳ ತಡವಾಗಿ. ಟಾಲೆಮಿಯ ಪಟ್ಟಿಗಳು ಎಂಬ ಹೆಸರೂ ಇದಕ್ಕಿತ್ತು.

ಕಟ್ಟುವುದು ಸರಳ. ನಾಲ್ಕು ಮೊಳಕ್ಕೆ ಕಡಿಮೆಯಿಲ್ಲದ ಒಂದು ಮರದ ಕಂಬವನ್ನು ತೂಗುಗುಂಡು ಬಿಟ್ಟು ನೆಟ್ಟಗೆ ನಿಲ್ಲಿಸಬೇಕು. ಅದರ ನೆತ್ತಿಗೆ ಅಷ್ಟೇ ಉದ್ದದ ಇನ್ನೊಂದು ಪಟ್ಟಿಯನ್ನು ಕೀಲಿನಿಂದ ಜೋಡಿಸಬೇಕು. ಈ ಪಟ್ಟಿಯ ಎರಡು ಕಡೆ ತೂತುಳ್ಳ ಬಿಲ್ಲೆಗಳಿರುತ್ತವೆ. ಕಣ್ಣಿನ ಕಡೆಯ ತೂತು ಸಣ್ಣದು, ಆಚೆಯದು ಚಂದ್ರಬಿಂಬ ಪೂರ್ತಿ ಹಿಡಿಸುವಷ್ಟು ದೊಡ್ಡದು. ಕಂಬದ ಬುಡದಲ್ಲಿ ಮೂರನೇ ಪಟ್ಟಿ ಇನ್ನೊಂದು ಕೀಲಿನ ಮೇಲೆ ತಿರುಗುತ್ತದೆ. ನೋಡುವವನು ಕೆಳಗೆ ಕೂತು, ಓರೆ ಪಟ್ಟಿಯ ತುದಿಯನ್ನು ಕಂಬದಿಂದ ದೂರ ಸರಿಸುತ್ತಾ ಹೋಗುತ್ತಾನೆ. ಎರಡು ತೂತುಗಳ ನೇರಕ್ಕೆ ಚಂದ್ರ ಬಂದೊಡನೆ ಕೈ ನಿಲ್ಲಿಸಿ, ಪಟ್ಟಿಯ ತುದಿ ಕಂಬದ ಬುಡದಿಂದ ಎಷ್ಟು ದೂರ ಹೋಗಿದೆ ಎಂದು ಮೂರನೇ ಪಟ್ಟಿಯ ಮೇಲೆ ಅಳೆಯುತ್ತಾನೆ. ಕಂಬ ಮತ್ತು ಓರೆ ಪಟ್ಟಿ ಸಮ ಉದ್ದದವಾದ್ದರಿಂದ ಇದು ಸಮದ್ವಿಬಾಹು ತ್ರಿಭುಜ. ಮೇಲಿನ ಕೀಲಿನಲ್ಲಿರುವ ಕೋನವೇ ಚಂದ್ರ ನೆತ್ತಿಯಿಂದ ಎಷ್ಟು ಇಳಿದಿದ್ದಾನೆ ಎಂಬುದರ ಅಳತೆ. ಕೆಳಗಿನ ಬದಿ ಆ ಕೋನದ ಜ್ಯಾ.

ಇಷ್ಟಕ್ಕೆ ಒಂದು ಕಾಲುವೃತ್ತದ ಕಂಸ ಸಾಕಲ್ಲವೇ ಎನಿಸಬಹುದು. ದೊಡ್ಡ ಕಂಸವನ್ನು ನಿಖರವಾಗಿ ಕೆತ್ತಿ, ಅದರ ಮೇಲೆ ಸಮ ಅಂತರದ ಗೆರೆ ಹಾಕುವುದು ಎಂಥ ಕಷ್ಟ ಎಂದು ಬಡಗಿಗೆ ಗೊತ್ತು. ನೇರ ಪಟ್ಟಿಗೆ ಗೆರೆ ಹಾಕುವುದು ಸುಲಭ. ಕಷ್ಟದ ಭಾಗವನ್ನು ಮರದಿಂದ ಹಾಳೆಗೆ, ಅಂದರೆ ಜ್ಯಾ ಕೋಷ್ಟಕಕ್ಕೆ ಸಾಗಿಸಿದ್ದೇ ಈ ಉಪಕರಣದ ಜಾಣತನ. ಅಂಥ ಕೋಷ್ಟಕ ‘ಅಲ್ಮಜೆಸ್ಟ್’ನಲ್ಲಿಯೇ ಇದೆ. ಜ್ಯಾ ಎಂದರೆ ಬಿಲ್ಲಿನ ಹೆದೆ. ಗ್ರೀಕರು ಪೂರ್ತಿ ಹೆದೆಯನ್ನು ಲೆಕ್ಕಕ್ಕೆ ತೆಗೆದುಕೊಂಡರು. ಭಾರತದ ಗಣಿತಜ್ಞರು ಅರ್ಧ ಹೆದೆಯನ್ನು ಆರಿಸಿಕೊಂಡರು. ಕ್ರಿ.ಶ. 499ರಲ್ಲಿ ಆರ್ಯಭಟ ಕೊಟ್ಟ ಕೋಷ್ಟಕ ಅರ್ಧಜ್ಯಾಗಳದ್ದು, ಇಂದಿನ ಸೈನ್ ಹುಟ್ಟಿದ್ದು ಆ ದಾರಿಯಲ್ಲಿ. ನಮ್ಮ ಹೈಸ್ಕೂಲು ಪಠ್ಯದಲ್ಲಿ ವೃತ್ತದ ಎರಡು ಬಿಂದು ಸೇರಿಸುವ ಗೆರೆಗೆ ಇವತ್ತಿಗೂ ಜ್ಯಾ ಎಂದೇ ಹೆಸರು.

ಚಂದ್ರನ ದೂರ ತಿಳಿಯಲು ಟಾಲೆಮಿಗೆ ಬೇಕಾಗಿದ್ದು ಇದೇ ಅಳತೆ. ಭೂಮಿಯ ಕೇಂದ್ರದಿಂದ ನೋಡಿದರೆ ಚಂದ್ರ ಎಲ್ಲಿ ಕಾಣಬೇಕು ಎಂಬುದು ಲೆಕ್ಕದಿಂದ ಸಿಗುತ್ತದೆ. ಅಲೆಕ್ಸಾಂಡ್ರಿಯದ ನೆಲದಿಂದ ಎಲ್ಲಿ ಕಂಡ ಎಂಬುದು ಪಟ್ಟಿಯಿಂದ ಸಿಗುತ್ತದೆ. ಎರಡರ ನಡುವಿನ ವ್ಯತ್ಯಾಸದಿಂದ ದೂರ ಹೊರಡುತ್ತದೆ. ಕ್ರಿ.ಶ. 135ರ ಒಂದು ವೀಕ್ಷಣೆಯಿಂದ ಅವನು ಚಂದ್ರ ಆಗ ಭೂಮಿಯ ತ್ರಿಜ್ಯದ 40 ಪಟ್ಟಿಗೆ ತುಸು ಕಡಿಮೆ ದೂರದಲ್ಲಿದ್ದ ಎಂದು ಲೆಕ್ಕ ಹಾಕಿದ. ನಿಜವಾದ ಸರಾಸರಿ ದೂರ ಸುಮಾರು 60 ಪಟ್ಟು. ಚಂದ್ರನ ಚಲನೆಗೆ ಅವನು ಕಟ್ಟಿದ ಮಾದರಿಯ ಪ್ರಕಾರ ಈ ದೂರ 33 ಪಟ್ಟಿನಿಂದ 64 ಪಟ್ಟಿನವರೆಗೆ ಏರಿಳಿಯಬೇಕು. ಹಾಗಿದ್ದರೆ ಚಂದ್ರಬಿಂಬ ಕೆಲವೊಮ್ಮೆ ಹೆಚ್ಚುಕಡಿಮೆ ಎರಡರಷ್ಟು ಅಗಲ ಕಾಣಬೇಕಿತ್ತು. ಹಾಗೆ ಕಾಣುವುದಿಲ್ಲ ಎನ್ನಲು ಯಾವ ಉಪಕರಣವೂ ಬೇಡ. ಹದಿನಾಲ್ಕನೇ ಶತಮಾನದಲ್ಲಿ ದಮಾಸ್ಕಸ್‌ನ ಇಬ್ನ್ ಅಲ್-ಶಾತಿರ್ ಈ ದೋಷ ತೆಗೆದು ಹೊಸ ಮಾದರಿ ಕೊಟ್ಟ. ಹದಿನಾರನೇ ಶತಮಾನದಲ್ಲಿ ಕೋಪರ್ನಿಕಸ್ ಕೂಡ ಅಂಥದೇ ಪರಿಹಾರಕ್ಕೆ ಬಂದ.

ಕೋಪರ್ನಿಕಸ್ ಬಾಲ್ಟಿಕ್ ದಂಡೆಯ ಫ್ರೋಂಬೋರ್ಕ್‌ನಲ್ಲಿ ಇಟ್ಟುಕೊಂಡಿದ್ದ ಟ್ರಿಕ್ವೆಟ್ರಮ್ ಮರದ್ದು. ತನ್ನ ಕೈಯಿಂದಲೇ ಅದನ್ನು ಮಾಡಿಕೊಂಡಿದ್ದನೆಂದು ಪ್ರತೀತಿ. 1543ರಲ್ಲಿ ಅಚ್ಚಾದ ಅವನ ಗ್ರಂಥದ ನಾಲ್ಕನೇ ಪುಸ್ತಕದಲ್ಲಿ ಅದರ ವಿವರಣೆ ಇದೆ. ಸಮ ಉದ್ದದ ಎರಡು ಪಟ್ಟಿಗಳನ್ನು 1,000 ಭಾಗವೆಂದು ಎಣಿಸಿ, ಕೆಳಗಿನ ಪಟ್ಟಿಗೆ 1,414 ಗೆರೆ ಹಾಕಬೇಕು ಎನ್ನುತ್ತಾನೆ. ಈ 1,414 ಎಲ್ಲಿಂದ ಬಂತು ಎಂದು ನೋಡುವುದು ಚೆಂದ. ಎರಡು ಪಟ್ಟಿಗಳು ಲಂಬಕೋನದಲ್ಲಿ ನಿಂತರೆ, ಅಂದರೆ ದೃಷ್ಟಿ ದಿಗಂತಕ್ಕೆ ನೇರವಾದರೆ, ಕೆಳಗಿನ ಬದಿ ಸಾವಿರದ √2 ಪಟ್ಟು ಆಗುತ್ತದೆ. ಆಕಾಶದಲ್ಲಿ ಅದಕ್ಕಿಂತ ಕೆಳಗೆ ನೋಡುವಂಥದ್ದೇನೂ ಇಲ್ಲ, ಪಟ್ಟಿಯೂ ಅಲ್ಲಿಗೇ ಮುಗಿಯುತ್ತದೆ.

1584ರಲ್ಲಿ ಡೆನ್ಮಾರ್ಕಿನ ಖಗೋಳಜ್ಞ ಟೈಕೋ ಬ್ರಾಹೆ ತನ್ನ ಸಹಾಯಕನನ್ನು ಫ್ರೋಂಬೋರ್ಕ್‌ಗೆ ಕಳಿಸಿ ಅಲ್ಲಿನ ಅಕ್ಷಾಂಶವನ್ನು ಮತ್ತೆ ಅಳೆಸಿದ. ಕೋಪರ್ನಿಕಸ್ ಕೊಟ್ಟಿದ್ದ ಬೆಲೆ ಸುಮಾರು ಎರಡೂಮುಕ್ಕಾಲು ಕಲೆಯಷ್ಟು ಕಡಿಮೆ ಎಂದು ಗೊತ್ತಾಯಿತು. ಕಲೆ ಎಂದರೆ ಡಿಗ್ರಿಯ ಅರವತ್ತನೇ ಒಂದು ಪಾಲು. 1,414 ಗೆರೆಗಳ ಪಟ್ಟಿಯ ಮೇಲೆ ಒಂದು ಗೆರೆಯಿಂದ ಮುಂದಿನ ಗೆರೆಗೆ ಸುಮಾರು ಮೂರೂವರೆ ಕಲೆಯಷ್ಟಾದರೂ ಅಂತರ ಬರುತ್ತದೆ. ಕೋಪರ್ನಿಕಸನ ತಪ್ಪು ಅವನ ಪಟ್ಟಿಯ ಒಂದು ಗೆರೆಗಿಂತ ಚಿಕ್ಕದು. ಶಾಯಿಯಲ್ಲಿ ಗೆರೆ ಹಾಕಿದ, ಗಾಳಿಯ ತೇವಕ್ಕೆ ಉಬ್ಬಿ ಒಣಹವೆಗೆ ಕುಗ್ಗುವ ಮರದ ತುಂಡಿನಿಂದ ಇಷ್ಟು ಹತ್ತಿರಕ್ಕೆ ಬಂದವನ ಕೈಕಣ್ಣುಗಳ ಬಗ್ಗೆ ಗೌರವ ಮೂಡದೆ ಇರದು. ಫ್ರೋಂಬೋರ್ಕ್‌ನ ಪಾದ್ರಿಯೊಬ್ಬರು ಆ ಉಪಕರಣವನ್ನು ಟೈಕೋಗೆ ಉಡುಗೊರೆಯಾಗಿ ಕಳಿಸಿಕೊಟ್ಟರು. ಉಕ್ಕು ಹಿತ್ತಾಳೆಗಳ ಭಾರಿ ಯಂತ್ರಗಳನ್ನು ಹೊಂದಿದ್ದ ಟೈಕೋ ಈ ಹಳೆಯ ಮರದ ಪಟ್ಟಿಗಳನ್ನು ಪೂಜ್ಯ ವಸ್ತುವಿನಂತೆ ಕಂಡು, ಅವುಗಳ ಮೇಲೆ ಲ್ಯಾಟಿನ್ ಪದ್ಯವನ್ನೇ ಬರೆದ. ನಂತರದ ಕಾಲದಲ್ಲಿ ಲೋಹದ ಕಾಲುವೃತ್ತಗಳೂ ದೂರದರ್ಶಕವೂ ಬಂದು ಟ್ರಿಕ್ವೆಟ್ರಮ್ ಮೂಲೆ ಸೇರಿತು.

ಮೂಳೆ

ಮಣಿಕಟ್ಟಿನಲ್ಲಿ ಎರಡು ಸಾಲಾಗಿ ಎಂಟು ಪುಟ್ಟ ಮೂಳೆಗಳಿವೆ. ಮುಂಗೈ ಕಡೆಯ ಸಾಲಿನಲ್ಲಿ ಕಿರುಬೆರಳಿನ ಪಕ್ಕಕ್ಕೆ ಇರುವುದು ಟ್ರಿಕ್ವೆಟ್ರಮ್. ಆಕಾರ ಮೂರು ಮೂಲೆಯ ಗೋಪುರದಂತೆ. ಫ್ರೆಂಚರು ಇದನ್ನು ಪಿರಮಿಡ್ ಮೂಳೆ ಎಂದೇ ಕರೆಯುತ್ತಾರೆ. ಇಂಗ್ಲಿಷ್ ಅಂಗರಚನಾ ಗ್ರಂಥಗಳಲ್ಲಿ ಬಹಳ ಕಾಲ ಇದಕ್ಕೆ ಬೆಣೆ ಎಂಬ ಅರ್ಥದ ಕ್ಯೂನಿಫಾರ್ಮ್ ಎಂಬ ಹೆಸರಿತ್ತು. ಪಾದದಲ್ಲೂ ಅದೇ ಹೆಸರಿನ ಮೂರು ಮೂಳೆಗಳಿರುವುದರಿಂದ ಗೊಂದಲವಾಗುತ್ತಿತ್ತು. 1895ರಲ್ಲಿ ಬಾಸೆಲ್‌ನಲ್ಲಿ ಒಪ್ಪಿಕೊಂಡ ಅಂಗರಚನಾ ಪದಪಟ್ಟಿಯಲ್ಲಿ ಟ್ರಿಕ್ವೆಟ್ರಮ್ ಎಂದಿದೆ. ತಲೆಬುರುಡೆಯ ಹೊಲಿಗೆಗಳ ನಡುವೆ ಕೆಲವರಿಗೆ ಬೆಳೆಯುವ ಹೆಚ್ಚುವರಿ ಚೂರು ಮೂಳೆಗಳಿಗೂ ಹಿಂದೆ ಇದೇ ಪದದ ಬಹುವಚನ ಬಳಕೆಯಲ್ಲಿತ್ತು.

ಇದನ್ನು ಮುಟ್ಟಿ ನೋಡಬಹುದು. ಕೈಯ ಹಿಂಬದಿಯಲ್ಲಿ, ಕಿರುಬೆರಳಿನ ಕಡೆ, ಮಣಿಕಟ್ಟಿನ ಮೇಲೆ ಗುಂಡಗೆ ಎದ್ದು ಕಾಣುವ ಉಬ್ಬು ಮುಂಗೈ ಮೂಳೆಯ ತುದಿ. ಅದರ ಮೇಲೆ ಇನ್ನೊಂದು ಕೈಯ ಬೆರಳಿಟ್ಟು ಬೆರಳುಗಳ ಕಡೆಗೆ ತುಸು ಜಾರಿಸಿದರೆ ಒಂದು ತಗ್ಗು ಸಿಗುತ್ತದೆ. ಈಗ ಹಸ್ತವನ್ನು ಹೆಬ್ಬೆರಳಿನ ಕಡೆಗೆ ವಾಲಿಸಿದರೆ ಆ ತಗ್ಗಿನಲ್ಲಿ ಗಟ್ಟಿಯಾದದ್ದೇನೋ ಬೆರಳಿಗೆ ಒತ್ತಿಕೊಂಡು ಬರುತ್ತದೆ. ಅದೇ ಟ್ರಿಕ್ವೆಟ್ರಮ್. ಅಂಗೈ ಕಡೆ ಇದರ ಬೆನ್ನೇರಿ ಕೂತಿರುವುದು ಪಿಸಿಫಾರ್ಮ್ ಎಂಬ ಬಟಾಣಿ ಗಾತ್ರದ ಮೂಳೆ.

ಕಾಲು ಜಾರಿದವರು ಅಂಗೈ ಊರಿಕೊಂಡು ಬೀಳುವುದು ಸಹಜ. ಆಗ ಮಣಿಕಟ್ಟು ಹಿಂದಕ್ಕೆ ಬಾಗಿ, ಟ್ರಿಕ್ವೆಟ್ರಮ್‌ನ ಹಿಂಬದಿಯಿಂದ ಒಂದು ಚಕ್ಕೆ ಎದ್ದುಬರಬಹುದು. ಮಣಿಕಟ್ಟಿನ ಎಂಟು ಮೂಳೆಗಳಲ್ಲಿ ಅತಿ ಹೆಚ್ಚು ಮುರಿಯುವುದು ಹೆಬ್ಬೆರಳ ಕಡೆಯ ಸ್ಕೇಫಾಯ್ಡ್. ಎರಡನೆಯ ಸ್ಥಾನ ಇದರದ್ದು. ನೇರವಾಗಿ ತೆಗೆದ ಎಕ್ಸ್‌ರೇಯಲ್ಲಿ ಬೇರೆ ಮೂಳೆಗಳು ಮರೆಮಾಡುವುದರಿಂದ ಈ ಚಕ್ಕೆ ಕಣ್ಣು ತಪ್ಪಿಸಿಕೊಳ್ಳುತ್ತದೆ, ಪಕ್ಕದಿಂದ ತೆಗೆದ ಚಿತ್ರದಲ್ಲಿ ಕಾಣುತ್ತದೆ. ಕಿರುಬೆರಳಿನ ಕಡೆ ನೋವು ಉಳಿದುಕೊಂಡರೆ ಬರೀ ಉಳುಕು ಎಂದು ಎಣ್ಣೆ ತಿಕ್ಕಿ ಸುಮ್ಮನಾಗಬಾರದು. ಹೆಚ್ಚಿನವರಿಗೆ ಕೆಲವು ವಾರ ಪಟ್ಟಿ ಕಟ್ಟಿದರೆ ಗುಣವಾಗುತ್ತದೆ.

ಹುಟ್ಟಿದ ಮಗುವಿನ ಮಣಿಕಟ್ಟಿನ ಎಕ್ಸ್‌ರೇಯಲ್ಲಿ ಸಾಮಾನ್ಯವಾಗಿ ಈ ಎಂಟರಲ್ಲಿ ಒಂದೂ ಕಾಣುವುದಿಲ್ಲ. ಎಲ್ಲವೂ ಇನ್ನೂ ಮೆದು ಎಲುಬು. ಮೊದಲ ಕೆಲವು ತಿಂಗಳಲ್ಲಿ ಎರಡು ಮೂಳೆಗಳು ಗಟ್ಟಿಯಾಗತೊಡಗುತ್ತವೆ. ಮೂರನೆಯದಾಗಿ, ಮೂರನೇ ವರ್ಷದ ಆಸುಪಾಸಿನಲ್ಲಿ, ಟ್ರಿಕ್ವೆಟ್ರಮ್ ಸಣ್ಣ ಚುಕ್ಕೆಯಂತೆ ಮೂಡುತ್ತದೆ. ಮಗುವಿನ ಬೆಳವಣಿಗೆ ವಯಸ್ಸಿಗೆ ತಕ್ಕಂತಿದೆಯೇ ಎಂದು ನೋಡುವ ವೈದ್ಯರು ಈ ಚುಕ್ಕೆಗಳನ್ನೂ ಗಮನಿಸುತ್ತಾರೆ.

ಹೆಣಿಗೆ

ಇಂದು ಹೆಚ್ಚು ಜನರಿಗೆ ಗೊತ್ತಿರುವ ಟ್ರಿಕ್ವೆಟ್ರ ಎಂದರೆ ಮೂರು ಕಂಸಗಳು ಒಂದರ ಮೇಲೊಂದು, ಒಂದರ ಕೆಳಗೊಂದು ಹಾದು ಹೆಣೆದುಕೊಂಡ ಚಿತ್ತಾರ. ಸುಮಾರು 800ರ ‘ಬುಕ್ ಆಫ್ ಕೆಲ್ಸ್’ ಹಸ್ತಪ್ರತಿಯ ಪುಟಗಳಲ್ಲಿ ಖಾಲಿ ಜಾಗ ತುಂಬಲು, ಸ್ವೀಡನ್ನಿನ ಹನ್ನೊಂದನೇ ಶತಮಾನದ ರೂನ್ ಶಿಲೆಗಳ ಮೇಲೆ, ನಾರ್ವೆಯ ದೊರೆ ಹರಾಲ್ಡ್ ಹಾರ್ಡ್ರಾಡನ ನಾಣ್ಯಗಳ ಮೇಲೆ ಇದು ಸಿಗುತ್ತದೆ. ಇದನ್ನು ಕೆಲವರು ಕ್ರೈಸ್ತರ ತ್ರಿಮೂರ್ತಿ ತತ್ತ್ವದ ಗುರುತು ಎನ್ನುತ್ತಾರೆ, ಇನ್ನು ಕೆಲವರು ಪೂರ್ವಕಾಲದ ಮೂರು ಮುಖದ ದೇವಿಯ ಗುರುತು ಎನ್ನುತ್ತಾರೆ. ಎರಡೂ ಆಧುನಿಕ ಕಾಲದಲ್ಲಿ ಬಲಗೊಂಡ ವಿವರಣೆಗಳು. ಕೆಲ್ಸ್‌ನ ಲಿಪಿಕಾರರು ಇದನ್ನು ಬಿಡಿಸಿರುವ ಜಾಗಗಳನ್ನು ನೋಡಿದರೆ, ಅಲ್ಲಿ ಇದು ಮುಖ್ಯವಾಗಿ ಅಲಂಕಾರವಾಗಿತ್ತು ಎನ್ನುವುದೇ ಸರಿ. 1971ರಲ್ಲಿ ಬಂದ ಲೆಡ್ ಝೆಪೆಲಿನ್ ರಾಕ್ ಸಂಗೀತ ತಂಡದ ನಾಲ್ಕನೇ ಆಲ್ಬಮ್‌ನಲ್ಲಿ ಜಾನ್ ಪಾಲ್ ಜೋನ್ಸ್ ತನ್ನ ಗುರುತಾಗಿ ವೃತ್ತದೊಡನೆ ಹೆಣೆದ ಟ್ರಿಕ್ವೆಟ್ರವನ್ನು ಆರಿಸಿಕೊಂಡ. ‘ಚಾರ್ಮ್ಡ್’ ಮತ್ತು ಜರ್ಮನಿಯ ‘ಡಾರ್ಕ್’ ಧಾರಾವಾಹಿಗಳು ಇದನ್ನು ಹೊಸ ತಲೆಮಾರಿಗೆ ಮುಟ್ಟಿಸಿದವು.

ಈ ಚಿತ್ತಾರವನ್ನು ದಾರದಲ್ಲಿ ಹೆಣೆದು ತುದಿ ಸೇರಿಸಿದರೆ ಗಣಿತದಲ್ಲಿ ಟ್ರೆಫಾಯಿಲ್ ಎನ್ನುವ ಗಂಟು ಸಿಗುತ್ತದೆ. ಮೂರು ಕಡೆ ಮಾತ್ರ ದಾರ ದಾರವನ್ನು ದಾಟುತ್ತದೆ, ಆದರೂ ಕತ್ತರಿಸದೆ ಬಿಡಿಸಲಾಗದು. ಇಂಥ ಗಂಟುಗಳಲ್ಲಿ ಇದೇ ಅತಿ ಸರಳ. ಇದಕ್ಕೆ ಎಡ, ಬಲ ಎಂಬ ಎರಡು ಬಗೆಗಳಿವೆ. ದಾರವನ್ನು ಎಷ್ಟು ಎಳೆದಾಡಿದರೂ ಒಂದು ಬಗೆ ಇನ್ನೊಂದಾಗದು ಎಂದು ಗಣಿತಜ್ಞ ಮ್ಯಾಕ್ಸ್ ಡೇನ್ 1914ರಲ್ಲಿ ಸಾಧಿಸಿದ.

ಸಸ್ಯ, ಪ್ರಾಣಿ

ಸಸ್ಯವಿಜ್ಞಾನಿ ಲಿನೇಯಸ್ ಈ ಗುಣವಾಚಕವನ್ನು ಹಲವು ಜೀವಿಗಳಿಗೆ ಕೊಟ್ಟ. 1753ರಲ್ಲಿ ಅವನು ಹೆಸರಿಟ್ಟ ಆಲಿಯಮ್ ಟ್ರಿಕ್ವೆಟ್ರಮ್ ಪಶ್ಚಿಮ ಮೆಡಿಟರೇನಿಯನ್‌ನ ಕಾಡು ಬೆಳ್ಳುಳ್ಳಿ. ಅದರ ಹೂಗಂಬವನ್ನು ಅಡ್ಡ ಕೊಯ್ದರೆ ಮೂರು ಮೂಲೆ ಕಾಣುತ್ತದೆ. ಬಿಳಿ ಹೂಗಳು ಗಂಟೆಯಂತೆ ತೂಗುತ್ತವೆ. ಚೆಂದಕ್ಕೆಂದು ಬ್ರಿಟನ್ನಿಗೆ ಒಯ್ದದ್ದು ಹಬ್ಬಿ ಕಳೆಯಾಗಿ, ಈಗ ಅದನ್ನು ಬಯಲಲ್ಲಿ ನೆಡುವುದು ಇಂಗ್ಲೆಂಡ್ ಮತ್ತು ವೇಲ್ಸ್‌ನಲ್ಲಿ ಕಾನೂನಿಗೆ ವಿರುದ್ಧ. ಲ್ಯಾಕ್ಟೊಫ್ರಿಸ್ ಟ್ರಿಕ್ವೆಟರ್ ಎಂಬ ಮೀನು ಆರು ಮೂಲೆಯ ಫಲಕಗಳು ಬೆಸೆದ ಪೆಟ್ಟಿಗೆಯೊಳಗೆ ಬದುಕುತ್ತದೆ. ಎದುರಿನಿಂದ ನೋಡಿದರೆ ಮೈ ಮುಮ್ಮೂಲೆ. ಭಾರತದಲ್ಲೂ ಸಿಗುವ, ಅವರೆಯ ಕುಟುಂಬದ ತಡೆಹಾಗಿ ಟ್ರಿಕ್ವೆಟ್ರಮ್ ಎಂಬ ಪೊದೆಗೆ ಮೂರು ಏಣಿನ ರೆಂಬೆಗಳಿವೆ.

ಈ ಆಕಾರವನ್ನು ಕಾಣಲು ನಮ್ಮವರು ದೂರ ಹೋಗಬೇಕಿಲ್ಲ. ಗದ್ದೆಯ ಬದುವಿನ ಮೇಲೆ ಬೆಳೆಯುವ ಜೇಕು, ಕಿತ್ತಷ್ಟೂ ಮತ್ತೆ ಬರುವ ಕೊನ್ನಾರಿ ಎರಡರ ದಂಟೂ ಇಂಥದ್ದೇ. ದಂಟನ್ನು ಹೆಬ್ಬೆರಳು ತೋರುಬೆರಳ ನಡುವೆ ಹಿಡಿದು ಹೊರಳಿಸಿದರೆ ನುಣ್ಣಗೆ ಉರುಳುವುದಿಲ್ಲ. ಟಕ್, ಟಕ್, ಟಕ್ ಎಂದು ಮೂರು ಸಲ ತಡೆದು ಒಂದು ಸುತ್ತು ಮುಗಿಯುತ್ತದೆ. ನಿಜವಾದ ಹುಲ್ಲಿನ ದಂಟು ಸಾಮಾನ್ಯವಾಗಿ ಗುಂಡಗೆ, ಒಳಗೆ ಪೊಳ್ಳು. ಜೇಕಿನದು ಮೂರು ಏಣು, ಒಳಗೆ ತಿರುಳು. ಎಲೆಗಳೂ ಮೂರು ಸಾಲಾಗಿ, ಪ್ರತಿ ಮುಖಕ್ಕೊಂದರಂತೆ ಹೊರಡುತ್ತವೆ. ಹುಲ್ಲು ಯಾವುದು, ಜೇಕು ಯಾವುದು ಎಂದು ವಿದ್ಯಾರ್ಥಿಗಳಿಗೆ ಕಲಿಸುವ ಮೊದಲ ಪರೀಕ್ಷೆ ಈ ಹೊರಳಿಸುವುದೇ.

ಕೊನ್ನಾರಿಯ ಕುಲದ್ದೇ ಆದ ಪಪೈರಸ್ ನಾಲ್ಕೈದು ಮೀಟರ್ ಎತ್ತರ ಬೆಳೆಯುತ್ತದೆ. ಈಜಿಪ್ಟಿನವರು ಅದರ ಮುಮ್ಮೂಲೆ ದಂಟಿನ ಸಿಪ್ಪೆ ಸುಲಿದು, ತಿರುಳನ್ನು ಉದ್ದುದ್ದ ಪಟ್ಟಿಗಳಾಗಿ ಸೀಳಿ, ಒಂದು ಪದರದ ಮೇಲೆ ಇನ್ನೊಂದನ್ನು ಅಡ್ಡಲಾಗಿ ಹರಡಿ, ಒತ್ತಿ ಒಣಗಿಸಿ ಬರೆಯುವ ಹಾಳೆ ಮಾಡಿದರು. ಟಾಲೆಮಿಯ ಅಲೆಕ್ಸಾಂಡ್ರಿಯದಲ್ಲಿ ಗ್ರಂಥಗಳನ್ನು ಬರೆಯುತ್ತಿದ್ದದ್ದು ಅದರ ಮೇಲೆಯೇ. ಯೂರೋಪಿನಲ್ಲಿ ಆ ಗಿಡ ಇಂದಿಗೂ ತಾನಾಗಿ ಬೆಳೆದು ನಿಂತಿರುವುದನ್ನು ಸಿಸಿಲಿಯ ಸಿರಾಕ್ಯೂಸ್ ಬಳಿ, ಚಾನೆ ಎಂಬ ಪುಟ್ಟ ನದಿಯ ದಡದಲ್ಲಿ ನೋಡಬಹುದು.